ಸಾಕ್ಷ್ಯಚಿತ್ರದಲ್ಲಿ ಸಂಗೀತದ ಸಾಕ್ಷ್ಯ

ವಿಶ್ವಾಸವನ್ನೂ ಸಮುದಾಯದ ಅಸ್ಮಿತೆಯನ್ನೂ ಕುರಿತ ಸಾಕ್ಷ್ಯಚಿತ್ರಗಳು ಇಂದು ನಮ್ಮ ಕುಟುಂಬಗಳ ನಡುಮನೆಯನ್ನು ಪ್ರವೇಶಿಸಿವೆ. ಅವುಗಳ ದೃಶ್ಯ, ನಿರೂಪಣೆಗಳು ಚರ್ಚೆಗೊಳಗಾಗುವುದುಂಟು. ಹಿನ್ನೆಲೆ ಸಂಗೀತವನ್ನು ಪ್ರಶ್ನಿಸುವವರು ವಿರಳ. ನಿರೂಪಕನ ಮಾತು ಸುಳ್ಳಾದರೆ ಅಲ್ಲಗಳೆಯಬಹುದು, ಸ್ವರವನ್ನು ಅಲ್ಲಗಳೆಯುವುದು ಹೇಗೆ? ಪ್ರಾರ್ಥನೆಗೆ ಬಾಗಿದ ಅವೇ ತಲೆಗಳ ಹಿಂದೆ ಕೊಳಲು ನುಡಿದರೆ ಭಕ್ತಿ, ನಗಾರಿ ಗುಡುಗಿದರೆ ಭೀತಿ. ಬುದ್ಧಿ ವಿಚಾರಣೆಗೆ ತೊಡಗುವ ಮುನ್ನವೇ ಕಿವಿ ತೀರ್ಪಿತ್ತಿರುತ್ತದೆ. ಹಾಡಿನ ವಸ್ತುವಿಗಿಂತ ಹಾಡುಗಾರಿಕೆಯೇ ತಮ್ಮನ್ನು ಹೆಚ್ಚು ಕಲಕುವುದನ್ನು ಕಂಡು ಸಂತ ಅಗಸ್ಟೀನರೂ ತಮ್ಮ ನಿವೇದನೆಗಳ ಹತ್ತನೆಯ ಭಾಗದಲ್ಲಿ ಕಳವಳಪಟ್ಟಿದ್ದಾರೆ.

ಫ್ರಾನ್ಸಿನ ಆಲ್ಪ್ಸ್ ಪರ್ವತಗಳ ನಡುವಿನ ಗ್ರಾಂಡ್ ಶಾರ್ತ್ರೂಸ್ ಮಠವನ್ನು ಚಿತ್ರೀಕರಿಸಲು ಜರ್ಮನಿಯ ಫಿಲಿಪ್ ಗ್ರೋನಿಂಗ್ 1984ರಲ್ಲಿ ಅನುಮತಿ ಬೇಡಿದರು. ಒಪ್ಪಿಗೆ ದೊರೆತದ್ದು ಹದಿನಾರು ವರ್ಷಗಳ ಬಳಿಕ! (ಸಂತ ಬ್ರೂನೋರವರ ಸನ್ಯಾಸಿಗಳಿಗೆ ಅವಸರವೆಂಬುದಿಲ್ಲ.) ಕೃತಕ ಬೆಳಕಾಗಲಿ, ನಿರೂಪಣೆಯಾಗಲಿ, ಹೊರಗಿನ ಸಂಗೀತವಾಗಲಿ ಇಲ್ಲದೆ 2005ರಲ್ಲಿ ‘ಇನ್‌ಟು ಗ್ರೇಟ್ ಸೈಲೆನ್ಸ್’ ತೆರೆಕಂಡಿತು. ಎರಡೂವರೆ ಗಂಟೆಗೂ ದೀರ್ಘವಾದ ಆ ಚಿತ್ರದಲ್ಲಿ ಕೇಳಿಬರುವುದು ಮುಖ್ಯವಾಗಿ ಗಂಟೆಯ ನಾದ, ಮಳೆ, ಹೆಜ್ಜೆಯ ಸಪ್ಪಳ, ಇರುಳಿನ ಕೀರ್ತನೆಗಾನ. ಸನ್ಯಾಸಿಗಳ ಮೌನಕ್ಕೆ ಯಾವ ಪಿಟೀಲೂ ಭಾಷ್ಯ ಬರೆಯುವುದಿಲ್ಲ.

ಹಾಗೆಂದು ಸಂಗೀತ ರಚನೆಯೇ ಅಪ್ರಾಮಾಣಿಕವೆನ್ನಲಾಗದು. ನಾಜಿ ಶಿಬಿರಗಳನ್ನು ಕುರಿತು ಅಲೆನ್ ರೆನೆ 1955ರಲ್ಲಿ ನಿರ್ಮಿಸಿದ ‘ನೈಟ್ ಅಂಡ್ ಫಾಗ್’ ಚಿತ್ರಕ್ಕೆ ಸಂಗೀತವಿತ್ತವರು, ಯೆಹೂದಿ ತಂದೆಯ ಮಗನಾಗಿ ಹಿಟ್ಲರನ ಆಳ್ವಿಕೆಯಲ್ಲಿ ದೇಶಭ್ರಷ್ಟರಾದ ಹ್ಯಾನ್ಸ್ ಐಸ್ಲರ್. ದೃಶ್ಯ ಘೋರವಾದಷ್ಟೂ ಅವರ ವಾದ್ಯಗಳು ಮೃದುವಾಗುತ್ತವೆ. ಅಳಬೇಕೆಂಬ ಆಜ್ಞೆ ಅಲ್ಲಿಲ್ಲ. ಕಣ್ಣು ತಿರುಗಿಸದಿರಲು ಬೇಕಾದ ಆಸರೆ ಇದೆ. ಅದೇ ಮಹಾದುರಂತವನ್ನು ಕುರಿತ, ಒಂಬತ್ತು ಗಂಟೆಗೂ ಮೀರಿದ ‘ಶೋಆ’ (1985) ಚಿತ್ರಕ್ಕೆ ಸಂಗೀತ ಸಂಯೋಜಕರೇ ಇಲ್ಲ. ಬದುಕುಳಿದವನೊಬ್ಬ, ಬಾಲಕನಾಗಿದ್ದಾಗ ಸೈನಿಕರು ತನ್ನಿಂದ ಬಲವಂತವಾಗಿ ಹಾಡಿಸಿದ್ದನ್ನು ದೋಣಿಯಲ್ಲಿ ಕುಳಿತು ಮತ್ತೆ ಹಾಡುತ್ತಾನೆ. ಅಲ್ಲಿ ಹಾಡೇ ಸಾಕ್ಷಿ.

ನಮ್ಮಲ್ಲೇನಾಗುತ್ತಿದೆ? ಎರಡನೆಯ ವ್ಯಾಟಿಕನ್ ಮಹಾಸಭೆ 1963ರ ಡಿಸೆಂಬರ್ 4ರಂದು ದೈವಾರಾಧನೆಯನ್ನೂ ಸಮೂಹ ಮಾಧ್ಯಮಗಳನ್ನೂ ಕುರಿತ ಎರಡು ದಸ್ತಾವೇಜುಗಳನ್ನು ಒಂದೇ ದಿನ ಹೊರಡಿಸಿತು. ಮೊದಲನೆಯದು ಆಯಾ ಜನಾಂಗದ ಸಂಗೀತ ಪರಂಪರೆಗೆ ಯುಕ್ತ ಗೌರವ ಸಲ್ಲಬೇಕೆಂದಿತು. ಆದರೂ ಧರ್ಮಕೇಂದ್ರಗಳ ಶತಮಾನೋತ್ಸವದ ಚಿತ್ರಗಳಲ್ಲಿ ಎಲ್ಲಿಂದಲೋ ಎರವಲು ತಂದ ಆರ್ಗನ್ನು, ಯಾರದೋ ಗಾಯನವೃಂದ! ಕರಾವಳಿಯ ಕೊಂಕಣಿ ಕ್ರೈಸ್ತರ ಗುಮಟೆ ಒಮ್ಮೆಯೂ ಕೇಳಿಸದೆ ಅವರ ಚರಿತ್ರೆ ಮುಗಿದುಬಿಡುತ್ತದೆ.

ಈಗ ಇನ್ನೊಂದು ಸೌಲಭ್ಯ ಒದಗಿದೆ. ‘ಕ್ರೈಸ್ತ, ಭಾರತೀಯ, ವಿಷಾದ’ ಎಂದು ಮೂರು ಪದ ಒತ್ತಿದರೆ ಕೃತಕ ಬುದ್ಧಿಮತ್ತೆ ನಿಮಿಷದಲ್ಲಿ ರಾಗ ಹೊಸೆದುಕೊಡುತ್ತದೆ. ಪೋಪ್ ಫ್ರಾನ್ಸಿಸ್‌ರವರು 2024ರ ವಿಶ್ವ ಸಂಪರ್ಕ ದಿನದ ಸಂದೇಶದಲ್ಲಿ ಈ ಯಂತ್ರಬುದ್ಧಿಯೆದುರು ಹೃದಯದ ಜ್ಞಾನವನ್ನು ಮುಂದಿಟ್ಟಿದ್ದರು. ಯಂತ್ರ ಕೊಡುವುದು ಈಗಾಗಲೇ ಮುದ್ರಿತವಾದುದರ ಸರಾಸರಿಯನ್ನು. ಎಂದೂ ಮುದ್ರಿತವಾಗದ ಹಾಡು ಅದಕ್ಕೆಲ್ಲಿ ಗೊತ್ತು? ಮದುವೆಯ ಮುನ್ನಾದಿನದ ರೋಸ್ ಸಮಾರಂಭದಲ್ಲಿ ವೋವಿಯೊ ಹಾಡಬಲ್ಲ ವೃದ್ಧ ಮಾತೆಯರು ಕೆಲವು ಮನೆಗಳಲ್ಲಿ ಇನ್ನೂ ಇದ್ದಾರೆ. ಚಿತ್ರ ನಿರ್ಮಿಸಹೊರಟ ಯುವಕರು ಗಣಕಯಂತ್ರ ತೆರೆಯುವ ಮೊದಲು, ಈ ಬೇಸಿಗೆಯಲ್ಲೇ, ಧ್ವನಿಮುದ್ರಕ ಹಿಡಿದು ಅವರ ಬಾಗಿಲಿಗೆ ಹೋಗಬೇಕು.