ಹದಿಮೂರು ಅಂಕಿಗಳ ಬೀಗದ ಕೈ

ಕಂಪ್ಯೂಟರಿನ ಆಟಗಳನ್ನು ಅಂಗಡಿಯಲ್ಲಿ ಸಿ.ಡಿ.ಯಾಗಿ ಕೊಳ್ಳುತ್ತಿದ್ದ ಕಾಲದಲ್ಲಿ ಅದರ ಡಬ್ಬಿಯ ಹಿಂಬದಿಗೆ ಅಂಕಿಗಳ ಚೀಟಿಯೊಂದನ್ನು ಅಂಟಿಸಿರುತ್ತಿದ್ದರು. ಆ ಅಂಕಿಗಳನ್ನು ಒತ್ತಿದ ಹೊರತು ಆಟವು ಯಂತ್ರದೊಳಕ್ಕೆ ಇಳಿಯುತ್ತಿರಲಿಲ್ಲ. ಇದಕ್ಕೆ ಸಿ.ಡಿ. ಕೀ ಎಂದು ಹೆಸರು.

ಅಮೆರಿಕದ ಬ್ಲಿಜರ್ಡ್ ಸಂಸ್ಥೆಯವರು 1998ರಲ್ಲಿ ಹೊರಡಿಸಿದ ಸ್ಟಾರ್‌ಕ್ರಾಫ್ಟಿನ ಕೀ 13 ಅಂಕಿಗಳದು. ಮೊದಲ 12ನ್ನು ಗೊತ್ತಾದ ಲೆಕ್ಕಕ್ಕೆ ಹಚ್ಚಿದರೆ ಕಡೆಯ ಅಂಕಿಯು ಬರಬೇಕು, ಪರೀಕ್ಷೆ ಇಷ್ಟೇ. 13 ಸಲವೂ 3 ಎಂದೇ ಒತ್ತಿದರೂ ಲೆಕ್ಕವು ಸರಿಹೋಗುತ್ತಿದ್ದಿತು! ಇಂತಹ ಬೀಗವನ್ನು ಹುಡುಗರು ಬಹುಕಾಲ ಮನ್ನಿಸುವರೆಂದು ನಾವು ನಂಬಲಾರೆವು.

ಅದೇ ವರ್ಷ ವಾಲ್ವ್ ಸಂಸ್ಥೆಯವರ ಹಾಫ್‌ಲೈಫ್ ಬಂದಿತು. ಸಂಸ್ಥೆಯ ಪ್ರಚಾರಕಾರ್ಯವನ್ನು ನೋಡಿಕೊಳ್ಳುತ್ತಿದ್ದ ಮೋನಿಕಾ ಹ್ಯಾರಿಂಗ್ಟನ್ ಎಂಬ ಮಹಿಳೆಯು ವಿದ್ಯಾಭ್ಯಾಸದ ಖರ್ಚಿಗೆಂದು ಬಂಧುವಾದ ಹುಡುಗನೊಬ್ಬನಿಗೆ ಹಣ ಕಳುಹಿಸಿದ್ದರಂತೆ. ಅವನು ಅದರಿಂದ ಸಿ.ಡಿ.ಗಳನ್ನು ನಕಲು ಮಾಡುವ ಯಂತ್ರವನ್ನು ಕೊಂಡು, ಗೆಳೆಯರಿಗೆ ಆಟಗಳನ್ನು ಹಂಚುವ ಸಂತೋಷವನ್ನು ವರ್ಣಿಸಿ ವಂದನಾಪತ್ರವನ್ನೇ ಬರೆದನು. (ಪತ್ರ ಬರೆಯುವ ವಿನಯವನ್ನಾದರೂ ಮೆಚ್ಚಬೇಕು.) ಕೀಯನ್ನು ದೂರದ ಸರ್ವರಿನಲ್ಲಿ ಪರೀಕ್ಷಿಸುವ ಏರ್ಪಾಟಿಗೆ ಈ ಪತ್ರವೇ ಪ್ರೇರಣೆಯಾಯಿತು. ಬಳಿಕ ಆಟವು ನಡೆಯುವುದಿಲ್ಲವೆಂದು ದೂರುಗಳು ಬರಲು, ಸಂಸ್ಥಾಪಕರಲ್ಲೊಬ್ಬರಾದ ಮೈಕ್ ಹ್ಯಾರಿಂಗ್ಟನ್ನರು ದೂರಿತ್ತವರನ್ನು ವಿಚಾರಿಸಿದರು. ಅವರಲ್ಲಿ ಒಬ್ಬರೂ ಆಟವನ್ನು ಕೊಂಡವರಲ್ಲವೆಂದು ಆಕೆಯೇ ಹೇಳಿರುತ್ತಾರೆ.

ಕಥೆ ಇಲ್ಲಿಗೇ ನಿಂತಿದ್ದರೆ ನಮಗೂ ತೃಪ್ತಿಯಾಗುತ್ತಿದ್ದಿತು. ಆದರೆ ಆ ದ್ವಾರಪಾಲಕನಿಗೆ ಕಾಣುತ್ತಿದ್ದುದು ಅಂಕಿ ಮಾತ್ರ. ಡಬ್ಬಿಯಾಗಲಿ ಅಂಗಡಿಯ ರಸೀತಿಯಾಗಲಿ ಕಾಣುತ್ತಿರಲಿಲ್ಲ. ಒಂದು ಕೀಗೆ ಏಕಕಾಲದಲ್ಲಿ ಒಬ್ಬರಿಗಷ್ಟೇ ಪ್ರವೇಶ. ನೆರೆಯ ಹುಡುಗನು ಚೀಟಿಯನ್ನು ಬರೆದುಕೊಂಡು ಹೋಗಿ ಮೊದಲೇ ಒಳಹೊಕ್ಕಿದ್ದರೆ, ಹಣ ತೆತ್ತವನೇ ಬಾಗಿಲಲ್ಲಿ ನಿಲ್ಲಬೇಕಾಗಿದ್ದಿತು. ಕಳ್ಳನನ್ನು ತಡೆಯಲು ಹಾಕಿದ ಅಗಳಿಯು ಯಜಮಾನನನ್ನೇ ಹೊರಗಿಟ್ಟರೆ ಅವನ ಅಹವಾಲನ್ನು ಕೇಳಲು ಅಲ್ಲಿ ಒಬ್ಬ ಮನುಷ್ಯನಾದರೂ ಇರಬೇಡವೆ?

ಹಾಫ್‌ಲೈಫಿಗೆ ಬಾಗಿಲು ಕಾಯುತ್ತಿದ್ದ ವರ್ಲ್ಡ್ ಅಪೋನೆಂಟ್ ನೆಟ್‌ವರ್ಕ್ ವ್ಯವಸ್ಥೆಯು 2004ರಲ್ಲಿ ಮುಚ್ಚಿತು. ಅದಕ್ಕೆ ಬದಲಾಗಿ ವಾಲ್ವ್‌ನವರು 2003ರಲ್ಲಿಯೇ ಸ್ಟೀಮ್ ಎಂಬುದನ್ನು ಆರಂಭಿಸಿದ್ದರು. ಹಳೆಯ ಕೀಯನ್ನು ಅಲ್ಲಿ ತನ್ನ ಖಾತೆಗೆ ಸೇರಿಸಿಕೊಳ್ಳಲು ಅವಕಾಶವಿದ್ದಿತು. ಒಮ್ಮೆ ಸೇರಿತೆಂದರೆ ಅದು ಇನ್ನೊಬ್ಬರ ಖಾತೆಗೆ ಸಲ್ಲದು. ಅಣ್ಣನು ಆಡಿ ಬಿಟ್ಟ ಡಬ್ಬಿಯನ್ನು ತಮ್ಮನಿಗೆ ಕೊಡಬಹುದಾಗಿದ್ದಿತು, ತಟ್ಟೆಯನ್ನೂ ಚೀಟಿಯನ್ನೂ ಕೊಡಬಹುದಾಗಿದ್ದಿತು. ಆಟಕ್ಕೆ ಮಾತ್ರ ಅವನು ಆಗ ಅಣ್ಣನ ಗುಪ್ತಪದವನ್ನೇ ಕೇಳಬೇಕಾಗಿದ್ದಿತು.