ಡ್ರಾಕುಲಾ ಕಲಿತ ಇಂಗ್ಲಿಷ್

ಹೋದ ಭಾನುವಾರ ನನ್ನ ಮಗಳೂ ಅವಳ ಗೆಳತಿಯರೂ ಟಿ.ವಿ. ಮುಂದೆ ಕುಳಿತು 2008ರ 'ಟ್ವೈಲೈಟ್' ಚಿತ್ರ ನೋಡುತ್ತಿದ್ದರು. ಚಹಾ ಕೊಡಲು ಹೋದವಳು ನಾನೂ ಕುಳಿತುಬಿಟ್ಟೆ. ರಕ್ತ ಕುಡಿಯುವ ಪಿಶಾಚಿಯಂತೆ, ನೋಡಿದರೆ ರಾಜಕುಮಾರ. ಹೈಸ್ಕೂಲಿಗೆ ಬೇರೆ ಹೋಗುತ್ತಾನೆ! ಬಿಸಿಲು ಬಿದ್ದರೆ ಮೈ ವಜ್ರದ ಹಾಗೆ ಮಿನುಗುತ್ತದೆ. "ಸುಟ್ಟು ಹೋಗಬೇಕಲ್ಲವಾ ಆಂಟಿ?" ಎಂದಳು ಒಬ್ಬಳು.

ಬ್ರಾಮ್ ಸ್ಟೋಕರ್ 1897ರಲ್ಲಿ ಬರೆದ ಕಾದಂಬರಿಯಲ್ಲಿ ಡ್ರಾಕುಲಾ ಲಂಡನ್ನಿನಲ್ಲಿ ಹಗಲಿನಲ್ಲೇ ತಿರುಗಾಡುತ್ತಾನೆ. ಬಿಸಿಲಿಗೆ ಸಾಯಿಸಿದ್ದು 1922ರ ಜರ್ಮನ್ ಮೂಕಿಚಿತ್ರ 'ನೋಸ್ಫೆರಾಟು'. ಅನುಮತಿಯಿಲ್ಲದೆ ತೆಗೆದದ್ದೆಂದು ಸ್ಟೋಕರನ ಹೆಂಡತಿ ದಾವೆ ಹೂಡಿ, ಪ್ರತಿಗಳನ್ನೆಲ್ಲ ನಾಶಮಾಡುವ ಆಜ್ಞೆ ತಂದಳು. ಆದರೂ ಕೆಲವು ಉಳಿದವು. ಪಿಶಾಚಿಯಲ್ಲವೇ!

ಆ ಕಾದಂಬರಿಯಲ್ಲಿ ಒಂದು ಮಾತುಕತೆಯಿದೆ. ಟ್ರಾನ್ಸಿಲ್ವೇನಿಯಾದ ಕೋಟೆಯಲ್ಲಿ ಡ್ರಾಕುಲಾ ತನ್ನ ಇಂಗ್ಲಿಷ್ ಅತಿಥಿಯನ್ನು ಕೇಳಿಕೊಳ್ಳುತ್ತಾನೆ: ನನ್ನ ಉಚ್ಚಾರ ತಪ್ಪಿದರೆ ತಿದ್ದು. ಊರಲ್ಲಿ ಅವನು ದೊರೆ. ಲಂಡನ್ನಿನಲ್ಲಿ ಬಾಯಿ ತೆರೆದರೆ ಪರಕೀಯ. ಅದೇ ಅವನ ಅಳುಕು. ಬಿ.ಎ. ಓದುವಾಗ, ರಕ್ತ ಯಾವಾಗ ಬರುತ್ತದೋ ಎಂದು ಆ ಪುಟ ಹಾರಿಸಿದ್ದೆ. ಮದುವೆಯಾಗಿ ಮುಂಬಯಿಗೆ ಬಂದ ಹೊಸತರಲ್ಲಿ, ನನ್ನ ಮುರುಕು ಮರಾಠಿ ಕೇಳಿ ತರಕಾರಿಯವಳು "ಮದ್ರಾಸಿಯಾ?" ಎಂದಾಗ ಮತ್ತೆ ತೆಗೆದು ಓದಿದೆ.

1931ರ ಹಾಲಿವುಡ್ ಚಿತ್ರದಲ್ಲಿ ಡ್ರಾಕುಲಾ ಆದವನು ಹಂಗೇರಿಯಿಂದ ವಲಸೆ ಬಂದ ಬೇಲಾ ಲುಗೋಸಿ. ಅವನ ಎಳೆದೆಳೆದು ಆಡುವ ಇಂಗ್ಲಿಷೇ ಪಿಶಾಚಿಯ ಭಾಷೆಯಾಗಿ ಹೋಯಿತು. ಇಂದಿಗೂ ಕಾರ್ಟೂನಿನ ಡ್ರಾಕುಲಾ ಹಾಗೆಯೇ ಮಾತಾಡುತ್ತಾನೆ. ಆದರೆ ಆ ಉಚ್ಚಾರದಿಂದಾಗಿಯೇ ಬೇರೆ ಬಗೆಯ ಪಾತ್ರಗಳು ಅವನಿಗೆ ಕಷ್ಟವಾದವು. 1956ರಲ್ಲಿ ತೀರಿಕೊಂಡಾಗ ಡ್ರಾಕುಲಾ ವೇಷದ ನಿಲುವಂಗಿಯಲ್ಲೇ ಹೂಳಿದರು. ಪಾಪ ಅನ್ನಿಸುತ್ತದೆ.

1958ರಲ್ಲಿ ಬಂದ ಕ್ರಿಸ್ಟೋಫರ್ ಲೀ ಅಪ್ಪಟ ಇಂಗ್ಲಿಷ್ ದೊರೆ. ಕೋರೆಹಲ್ಲು, ಬಣ್ಣದ ತೆರೆಯ ಮೇಲೆ ಕೆಂಪು ರಕ್ತ. ಇನ್ನು 'ಟ್ವೈಲೈಟ್'ನ ಹುಡುಗನ ಮಾತು ಕೇಳಿ ಪರದೇಶದವನೆಂದು ಯಾರೂ ಗುರುತಿಸಲಾರರು. ಮುದುಕ ಡ್ರಾಕುಲಾ ಬಯಸಿದ್ದು 111 ವರ್ಷಗಳ ಮೇಲೆ ಕೈಗೂಡಿತು! ಆದರೂ ನನಗೆ ಆ ಮುದುಕನೇ ಹತ್ತಿರದವನು.

ನನ್ನ ಮಗಳ ಮರಾಠಿ ಕೇಳಿ ಯಾರೂ ಅವಳ ಊರು ಕೇಳುವುದಿಲ್ಲ. ಕೇಳುವವರು ಧಾರವಾಡದ ಅವಳ ಅಜ್ಜಿ ಒಬ್ಬರೇ. ಅವಳು ಕನ್ನಡದಲ್ಲಿ ಬಾಯಿ ತೆರೆದರೆ ಸಾಕು, "ಯಾವೂರಾಕಿಯವಾ ನೀ?" ಎಂದು ನಗುತ್ತಾರೆ.