ಇಂಗ್ಲೆಂಡಿಗೆ ಒಲಿದ ಹಂಗೇರಿಯನ್ ಲೇಖನಿ
ಬ್ರಿಟಿಷ್ ಸಿನಿಮಾದ ಹಲವು ಶ್ರೇಷ್ಠ ಚಿತ್ರಕಥೆಗಳನ್ನು ಬರೆದ ಎಮೆರಿಕ್ ಪ್ರೆಸ್‌ಬರ್ಗರ್ ಹುಟ್ಟಿದ್ದು 1902ರಲ್ಲಿ, ಹಂಗೇರಿಯ ಮಿಶ್ಕೋಲ್ಟ್ಸ್‌ನ ಯಹೂದಿ ಕುಟುಂಬದಲ್ಲಿ. ಪ್ರಾಗ್ ಮತ್ತು ಸ್ಟಟ್‌ಗಾರ್ಟ್‌ನಲ್ಲಿ ನಡೆದಿದ್ದ ಓದು ತಂದೆಯ ಸಾವಿನಿಂದ ಅರ್ಧಕ್ಕೇ ನಿಂತಿತು. ಬರ್ಲಿನ್ನಿನಲ್ಲಿ ಪತ್ರಿಕೆಗಳಿಗೆ ಬರೆಯುತ್ತಲೇ ಊಫಾ ಸ್ಟುಡಿಯೋದ ಚಿತ್ರಕಥೆಗಾರರಾದರು. ನಾಜಿಗಳು ಅಧಿಕಾರಕ್ಕೆ ಬಂದ ಮೇಲೆ ಪ್ಯಾರಿಸ್‌ಗೆ, 1935ರಲ್ಲಿ ಲಂಡನ್ನಿಗೆ ಹೋದರು. ಅಲ್ಲಿ ಹಂಗೇರಿಯವರೇ ಆದ ನಿರ್ಮಾಪಕ ಅಲೆಕ್ಸಾಂಡರ್ ಕೊರ್ಡಾ ಪ್ರೆಸ್‌ಬರ್ಗರ್ ಅವರನ್ನು ನಿರ್ದೇಶಕ ಮೈಕೆಲ್ ಪೊವೆಲ್‌ಗೆ ಜೊತೆಮಾಡಿದರು. 1939ರ ‘ದಿ ಸ್ಪೈ ಇನ್ ಬ್ಲ್ಯಾಕ್’ ಈ ಜೋಡಿಯ ಮೊದಲ ಚಿತ್ರ. ‘ಫಾರ್ಟಿನೈನ್ತ್ ಪ್ಯಾರಲಲ್’ (1941) ಕಥೆಗೆ ಆಸ್ಕರ್ ಬಂತು. ಮುಂದೆ ‘ದಿ ಆರ್ಚರ್ಸ್’ ಸಂಸ್ಥೆ ಕಟ್ಟಿದ ಇಬ್ಬರೂ ಕಥೆ, ನಿರ್ಮಾಣ, ನಿರ್ದೇಶನ ಮೂರಕ್ಕೂ ಒಟ್ಟಿಗೇ ಹೆಸರು ಹಾಕಿಕೊಂಡರು. ಚಿತ್ರಕಥೆಗಾರನಿಗೆ ನಿರ್ದೇಶಕನ ಸಮಾನ ಸ್ಥಾನ ಸಿಗುವುದು ಇಂದಿಗೂ ಅಪರೂಪವೇ. ಯುದ್ಧದ ನಡುವೆಯೇ ಬಂದ ‘ದಿ ಲೈಫ್ ಅಂಡ್ ಡೆತ್ ಆಫ್ ಕರ್ನಲ್ ಬ್ಲಿಂಪ್’ನಲ್ಲಿ (1943) ಸಜ್ಜನ ಜರ್ಮನ್ ಅಧಿಕಾರಿಯೊಬ್ಬ ವೃದ್ಧಾಪ್ಯದಲ್ಲಿ ಇಂಗ್ಲೆಂಡಿನ ಆಶ್ರಯ ಬೇಡುತ್ತಾನೆ, ಚಿತ್ರವನ್ನು ತಡೆಯಲು ಪ್ರಧಾನಿ ಚರ್ಚಿಲ್ ಯತ್ನಿಸಿದ್ದರು. ಆಶ್ರಯ ಬೇಡುವ ಆ ಅಧಿಕಾರಿಯ ದೀರ್ಘ ಮಾತುಗಳಲ್ಲಿ ಪ್ರೆಸ್‌ಬರ್ಗರ್ ಅವರ ಸ್ವಂತ ಅನುಭವವೇ ಇದೆ. ಅವರ ತಾಯಿ ನಾಜಿಗಳ ಆಶ್‌ವಿಟ್ಜ್ ಶಿಬಿರದಲ್ಲಿ ಸತ್ತರು. 1947ರ ‘ಬ್ಲ್ಯಾಕ್ ನಾರ್ಸಿಸಸ್’ ಹಿಮಾಲಯದ ಕಥೆಯಾದರೂ ಬಹುಪಾಲು ಪೈನ್‌ವುಡ್ ಸ್ಟುಡಿಯೋದಲ್ಲೇ ಚಿತ್ರೀಕರಣವಾಯಿತು. ಅದರಲ್ಲಿ ನಟಿಸಿದ ಸಾಬು ನಮ್ಮ ಮೈಸೂರು ಸೀಮೆಯ ಹುಡುಗ. ‘ದಿ ರೆಡ್ ಶೂಸ್’ (1948) ಜಗತ್ತಿನಾದ್ಯಂತ ಗೆದ್ದಿತು. 1957ರಲ್ಲಿ ಜೋಡಿ ಬೇರೆಯಾದ ಬಳಿಕ ಪ್ರೆಸ್‌ಬರ್ಗರ್ ಎರಡು ಕಾದಂಬರಿ ಬರೆದರು. ಒಂದನ್ನು ಫ್ರೆಡ್ ಜಿನ್ನೆಮನ್ ಸಿನಿಮಾ ಮಾಡಿದರು. 1981ರಲ್ಲಿ ಪೊವೆಲ್ ಜೊತೆಗೆ ಬಾಫ್ಟಾ ಫೆಲೋಶಿಪ್ ಪಡೆದ ಪ್ರೆಸ್‌ಬರ್ಗರ್, 1988ರಲ್ಲಿ ಸಫೋಕ್‌ನಲ್ಲಿ ತೀರಿಕೊಂಡರು.